ಕಾಲುವೆಯೇ ಗಡಿ

ನಮ್ಮ ಕ್ಷೇತ್ರ ಈಗ ಇಲ್ಲ. ಹುಡುಕಿಕೊಂಡು ಬಂದರೆ ಬೀದಿಗಳು ಸಿಗುತ್ತವೆ, ಕಾಲುವೆ ಸಿಗುತ್ತದೆ, ಕಾಲುಸೇತುವೆಯ ಬುಡದಲ್ಲಿ ನನ್ನ ಮೈಕ್‌ಸೆಟ್ ಅಂಗಡಿಯೂ ಸಿಗುತ್ತದೆ, ಕ್ಷೇತ್ರ ಮಾತ್ರ ಸಿಗುವುದಿಲ್ಲ. ಅದರ ಕಥೆ ಹೇಳುವ ಹಕ್ಕು ನನಗಿದೆ ಎಂದು ನಾನೇ ತೀರ್ಮಾನ ಮಾಡಿಕೊಂಡಿದ್ದೇನೆ. ಅಲ್ಲಿ ನಡೆದ ಚುನಾವಣೆಗಳಲ್ಲೆಲ್ಲ ಎರಡೂ ಕಡೆಯವರ ಬಾಯಿಗೆ ಮೈಕು ಹಿಡಿದವರು ನಮ್ಮ ಮನೆಯವರೇ. ಮೊದಲು ಅಪ್ಪ, ಆಮೇಲೆ ನಾನು. ಬೈಗುಳ ಯಾರದ್ದಾದರೂ ಆಂಪ್ಲಿಫೈಯರ್ ನಮ್ಮದು.

ಮೊದಲು ಇಡೀ ಊರಿಗೆ ಸೇರಿ ಒಂದೇ ಕ್ಷೇತ್ರ, ಇಬ್ಬರು ಸದಸ್ಯರು. ಇಬ್ಬರೂ ಬಂಗಲೆಗಳ ಕಡೆಯವರು. ಕಾಲುವೆಯ ವಾಸನೆ ಅವರಿಗೆ ಆಗುತ್ತಿರಲಿಲ್ಲವಂತೆ, ಹಾಗಾಗಿ ಈ ಕಡೆ ತಲೆ ಹಾಕಿಯೂ ಮಲಗುತ್ತಿರಲಿಲ್ಲ. ಆಮೇಲೆ ಸರ್ಕಾರ ಊರನ್ನು ತುಂಡು ಮಾಡಿ ತುಂಡಿಗೊಬ್ಬ ಸದಸ್ಯ ಎಂದಿತು. ಕಾಲುವೆಯ ಎರಡೂ ದಡ ಸೇರಿ ನಮ್ಮದೊಂದು ಏಕಸದಸ್ಯ ಕ್ಷೇತ್ರವಾಯಿತು. ಏರಿನ ಮೇಲೆ ಮೇಲ್ಬೀದಿ: ವಕೀಲರು, ಮೇಷ್ಟ್ರುಗಳು, ಶಾಲೆ, ಒಂದು ಸಣ್ಣ ಸರ್ಕಾರಿ ಆಸ್ಪತ್ರೆ. ತಗ್ಗಿನಲ್ಲಿ ಕೆಳಬೀದಿ: ನೂಲಿನ ಗಿರಣಿ, ಗಿರಣಿ ಕೆಲಸಗಾರರ ಸಾಲುಮನೆಗಳು. ಮೊದಲ ಸದಸ್ಯರು ಒಬ್ಬ ಹೋಮಿಯೋಪತಿ ಡಾಕ್ಟರು. ಎರಡೂ ಬೀದಿಯ ಎಲ್ಲ ರೋಗಕ್ಕೂ ಒಂದೇ ಥರದ ಸಿಹಿ ಗುಳಿಗೆ ಕೊಡುತ್ತಿದ್ದುದರಿಂದ ಅವರಿಗೆ ವೈರಿಗಳೇ ಇರಲಿಲ್ಲ. ಅವರು ತೀರಿಕೊಂಡ ಮೇಲೆ ಕುರ್ಚಿ ಖಾಲಿಯಾಯಿತು. ಕುರ್ಚಿ ಒಂದೇ, ಕೂರುತ್ತೇನೆಂದವರು ಇಬ್ಬರು, ಮತ್ತು ಆ ಇಬ್ಬರೂ ನನ್ನ ರಕ್ತಸಂಬಂಧಿಗಳು.

ಮೇಲ್ಬೀದಿಯ ವಕೀಲರು ನನ್ನ ಅಪ್ಪನ ಅಣ್ಣ, ನನಗೆ ದೊಡ್ಡಪ್ಪ. ಕೆಳಬೀದಿಯ ಗಿರಣಿ ಸಂಘದ ಮುಖಂಡ ನನ್ನ ಅಮ್ಮನ ತಮ್ಮ, ನನಗೆ ಸೋದರಮಾವ. ಅಪ್ಪ ಅಂಗಡಿಯನ್ನು ಸೇತುವೆಯ ಬುಡದಲ್ಲಿ ಇಟ್ಟಿದ್ದು ವ್ಯಾಪಾರದ ಅನುಕೂಲಕ್ಕಲ್ಲ. ಯಾರ ಬೀದಿಯಲ್ಲಿ ಇಟ್ಟರೂ ಇನ್ನೊಬ್ಬರು ಮುಖ ಊದಿಸಿಕೊಳ್ಳುತ್ತಿದ್ದರು. ಒಂದು ಸಲ ದೊಡ್ಡಪ್ಪ ಗೆದ್ದರೆ ಮುಂದಿನ ಸಲ ಮಾವ. ಜನಕ್ಕೂ ಇಬ್ಬರನ್ನೂ ಕುಣಿಸಿ ಅಭ್ಯಾಸವಾಗಿತ್ತು. ದೊಡ್ಡಪ್ಪ ನಲ್ಲಿ ಹಾಕಿಸಿದರೆ ಮಾವ ಗೆದ್ದು ಬಂದು ಅದರ ಕೆಳಗೆ ಕಟ್ಟೆ ಕಟ್ಟಿಸಿ, ಕಟ್ಟೆಯ ಮೇಲೆ ತನ್ನ ಹೆಸರು ಬರೆಸುತ್ತಿದ್ದ. ಶಾಲೆಯ ಗೋಡೆ ಒಬ್ಬರದು, ಸೂರು ಇನ್ನೊಬ್ಬರದು. ಸೇತುವೆಯನ್ನು ನೋಡಿದರೆ ಈಗಲೂ ಗೊತ್ತಾಗುತ್ತದೆ. ಎಡಗಡೆ ದೊಡ್ಡಪ್ಪನ ಕಾಲದ ಹೂಬಳ್ಳಿ ಕೆತ್ತನೆಯ ಕಬ್ಬಿಣದ ಕಂಬಿ, ಬಲಗಡೆ ಮಾವನ ಕಾಲದ ಬೋಳು ಪೈಪು. ಆ ಜಗಳದಲ್ಲೇ ನಮ್ಮ ಕ್ಷೇತ್ರಕ್ಕೆ ಏನಾದರೂ ಬಂದದ್ದು. ಊರಿನ ಬೇರೆ ಕಡೆಯವರು ನಮ್ಮನ್ನು ನೋಡಿ ನಗುತ್ತಿದ್ದರು, ಹೊಟ್ಟೆಯನ್ನೂ ಉರಿಸಿಕೊಳ್ಳುತ್ತಿದ್ದರು.

ದೊಡ್ಡಪ್ಪನಿಗೆ ಒಬ್ಬಳೇ ಮಗಳು. ನನಗಿಂತ ಸಾಕಷ್ಟು ಚಿಕ್ಕವಳು. ಬಾಯಿ ಮುಚ್ಚುತ್ತಲೇ ಇರಲಿಲ್ಲವಾದ್ದರಿಂದ ಎಲ್ಲರೂ ಅವಳನ್ನು ಮೈನಾ ಅನ್ನುತ್ತಿದ್ದೆವು. ಶಾಲೆ ಬಿಟ್ಟ ತಕ್ಷಣ ನಮ್ಮ ಅಂಗಡಿಗೆ ಬಂದು, ರಿಪೇರಿಯಾದ ಮೈಕುಗಳನ್ನು ಪರೀಕ್ಷೆ ಮಾಡುವ ಕೆಲಸವನ್ನು ತಾನೇ ವಹಿಸಿಕೊಳ್ಳುತ್ತಿದ್ದಳು. ಹಾರ್ನನ್ನು ಕೆಳಬೀದಿಯ ಕಡೆಗೆ ತಿರುಗಿಸಿ, "ಹಲೋ, ಹಲೋ, ಆಚೆ ಬೀದಿ, ಕೇಳಿಸ್ತಿದ್ಯಾ?" ಎನ್ನುತ್ತಿದ್ದಳು. ಅಲ್ಲಿಂದ ಒಬ್ಬ ಹುಡುಗ ಚಾವಣಿಯ ಮೇಲೆ ನಿಂತು "ಕೇಳಿಸ್ತಿದೆ!" ಎಂದು ಕಿರುಚುತ್ತಿದ್ದ. ಆ ಹುಡುಗ ಮಾವನ ಮಗ. ದೊಡ್ಡವನಾಗಿ ವೈರಿಂಗ್ ಕೆಲಸ ಕಲಿತು ಎಲ್ಲರಿಗೂ ವೈರು ಆದ. ಅವರಿಬ್ಬರ ಪ್ರೀತಿಗೆ ನಮ್ಮ ಮೈಕೇ ಕಾರಣ ಎಂದು ದೊಡ್ಡಪ್ಪ ಬಹಳ ದಿನ ನಮ್ಮ ಅಂಗಡಿಗೆ ಕಾಲಿಡಲಿಲ್ಲ.

ಮದುವೆ ರಿಜಿಸ್ಟ್ರಾರ್ ಕಚೇರಿಯಲ್ಲಿ ಆಯಿತು. ಎರಡು ಕಡೆಯಿಂದಲೂ ಹಿರಿಯರೆಂದು ಬಂದವಳು ನಾನೊಬ್ಬಳೇ. ಸೊಸೆ ಮನೆಗೆ ಬಂದ ದಿನ ಮಾವ, "ನಿಮ್ಮಪ್ಪನ್ನ ಇದರಲ್ಲೂ ಸೋಲಿಸಿದೆ ನೋಡು," ಎಂದು ನಕ್ಕನಂತೆ. ಅದು ದೊಡ್ಡಪ್ಪನ ಕಿವಿಗೆ ಬಿತ್ತು. ಅಲ್ಲಿಯವರೆಗೆ ಇದ್ದದ್ದು ಚುನಾವಣೆಯ ಜಗಳ, ಅವತ್ತಿನಿಂದ ಅದು ಹಗೆಯಾಯಿತು. ಇಬ್ಬರೂ ನೇರ ಮಾತು ನಿಲ್ಲಿಸಿದರು. ಬೈಯುವುದಿದ್ದರೂ ಮೈಕಿನಲ್ಲೇ.

ಮೈನಾಳ ಮೊದಲ ಹೆರಿಗೆ ಕೆಟ್ಟದಾಯಿತು. ರಕ್ತದೊತ್ತಡ ಏರಿ ಮಗು ಉಳಿಯಲಿಲ್ಲ, ಅವಳ ಮೂತ್ರಪಿಂಡಗಳು ಹಾಳಾದವು. ವಾರಕ್ಕೆರಡು ಸಲ ಯಂತ್ರದಲ್ಲಿ ರಕ್ತ ತೊಳೆಸಬೇಕು ಎಂದರು. ಯಂತ್ರ ಇದ್ದದ್ದು ಊರಿನ ಇನ್ನೊಂದು ತುದಿಯ ದೊಡ್ಡಾಸ್ಪತ್ರೆಯಲ್ಲಿ. ಅಲ್ಲಿ ಬೆಳಗ್ಗೆ ಹೋಗಿ ಕೂತರೆ ಸರದಿ ಬಂದರೆ ಬಂತು, ಇಲ್ಲದಿದ್ದರೆ ಉಬ್ಬಿದ ಕಾಲನ್ನು ಎಳೆದುಕೊಂಡು ವಾಪಸ್ಸು. ಆಗ ಮಾವ ಸದಸ್ಯ. ಯಾರಿಗೂ ಏನೂ ಹೇಳದೆ ಸಚಿವರ ಬಾಗಿಲಲ್ಲಿ ಬೀಡುಬಿಟ್ಟು, ಮೇಲ್ಬೀದಿಯ ಸಣ್ಣ ಆಸ್ಪತ್ರೆಗೆ ಎರಡು ಡಯಾಲಿಸಿಸ್ ಯಂತ್ರ ಮಂಜೂರು ಮಾಡಿಸಿದ. ಸಭೆಯಲ್ಲಿ "ಬಡ ಕಾರ್ಮಿಕರ ಆರೋಗ್ಯಕ್ಕಾಗಿ" ಎಂದ. ಮುಂದಿನ ಚುನಾವಣೆಯಲ್ಲಿ ದೊಡ್ಡಪ್ಪ ಗೆದ್ದರು. ಯಂತ್ರಗಳಿದ್ದ ಕೋಣೆಯ ಟೆಕ್ನೀಷಿಯನ್‌ನ ಸಂಬಳ, ಫಿಲ್ಟರು, ಔಷಧಿ, ಎಲ್ಲಕ್ಕೂ ತಮ್ಮ ಸದಸ್ಯರ ನಿಧಿಯಿಂದ ಪ್ರತಿ ವರ್ಷ ಮೊದಲ ಚೀಟಿ ಬರೆದರು. ಸಭೆಯಲ್ಲಿ "ಎಲ್ಲ ವರ್ಗದವರ ಆರೋಗ್ಯಕ್ಕಾಗಿ" ಎಂದರು. ಬಾಗಿಲಿನ ಎರಡು ಪಕ್ಕದಲ್ಲಿ ಎರಡು ಕಲ್ಲು ಬಂದವು, ಎರಡು ಹೆಸರು. ಮೈನಾ ಅವೆರಡರ ನಡುವೆ ಹಾದು ಒಳಗೆ ಹೋಗುತ್ತಿದ್ದಳು. ಒಬ್ಬ ಮುದುಕ ಸೊಸೆಗಾಗಿ, ಇನ್ನೊಬ್ಬ ಮುದುಕ ಮಗಳಿಗಾಗಿ ಮಾಡಿದ್ದು ಇದು. ಒಬ್ಬರಿಗೂ ಅದನ್ನು ಬಾಯಿಬಿಟ್ಟು ಹೇಳುವ ಯೋಗ್ಯತೆ ಇರಲಿಲ್ಲ.

ಯಂತ್ರದ ಸೂಜಿ ಹಾಕಲೆಂದು ಅವಳ ಎಡಗೈಯಲ್ಲಿ ರಕ್ತನಾಳಗಳನ್ನು ಕೂಡಿಸಿದ್ದರು. ಅಲ್ಲಿ ಬೆರಳಿಟ್ಟರೆ ಜುಮ್ಮೆನ್ನುವ ಸದ್ದು ಕೈಗೇ ಕೇಳಿಸುತ್ತಿತ್ತು, ಆಂಪ್ಲಿಫೈಯರ್ ಪೆಟ್ಟಿಗೆಯ ಮೇಲೆ ಅಂಗೈ ಇಟ್ಟ ಹಾಗೆ. "ಮುಟ್ಟಿ ನೋಡಕ್ಕ," ಎಂದು ನನ್ನ ಕೈಯನ್ನು ಎಳೆದು ಇಟ್ಟುಕೊಳ್ಳುತ್ತಿದ್ದಳು. "ಆನ್ ಇದೆ ಅಲ್ವಾ?"

"ಆನ್ ಇದೆ ಕಣೇ. ನೀನು ಆಫ್ ಆಗೋ ಪೈಕಿನಾ?" ಎನ್ನುತ್ತಿದ್ದೆ ನಾನು.

ಅಷ್ಟರಲ್ಲಿ ಗಿರಣಿ ಮುಚ್ಚಿತು. ಸಾಲುಮನೆಗಳು ಖಾಲಿಯಾದವು. ಜನಗಣತಿಯವರು ಎಣಿಸಿ, ನಿಮ್ಮ ಕ್ಷೇತ್ರಕ್ಕೆ ಜನ ಸಾಲದು ಎಂದರು. ಕ್ಷೇತ್ರಗಳ ಗಡಿ ಮತ್ತೆ ಎಳೆಯಲು ಒಂದು ಆಯೋಗ ಬಂತು. ಅವರ ಕರಡಿನಲ್ಲಿ ನಮಗೆ ಅನ್ಯಾಯವೇನೂ ಆಗಿರಲಿಲ್ಲ. ರೈಲ್ವೆ ಹಳಿಯ ಆಚೆಯ ಹೊಸ ವಸತಿ ಕಟ್ಟಡಗಳನ್ನು ನಮಗೆ ಸೇರಿಸಿ, ಎರಡೂ ಬೀದಿಗಳನ್ನು ಹಾಗೆಯೇ ಉಳಿಸಿದ್ದರು. ಯಾರೂ ಏನೂ ಹೇಳದಿದ್ದರೆ ಅದೇ ಕಾಯಂ. ಆದರೆ ಆಕ್ಷೇಪಣೆ ಇದ್ದರೆ ಬಂದು ಹೇಳಿ ಎಂದು ಅಹವಾಲು ಸಭೆ ಕರೆದರು. ನಮ್ಮವರನ್ನು ಕರೆದು ಆಕ್ಷೇಪಣೆ ಇದೆಯಾ ಎಂದು ಕೇಳುವುದೇ? ಹಸಿದವರನ್ನು ಊಟಕ್ಕೆ ಕರೆದ ಹಾಗಾಯಿತು.

ಸಭೆ ಮೇಲ್ಬೀದಿಯ ಶಾಲೆಯ ಹಾಲ್‌ನಲ್ಲಿ. ಮೈಕು ನನ್ನದೇ. ಬೆಳಗ್ಗೆ ನಾನು ವೈರು ಎಳೆಯುತ್ತಿದ್ದಾಗ ಮೈನಾ ಬಂದಳು. ಹಿಂದಿನ ದಿನ ಯಂತ್ರಕ್ಕೆ ಹೋಗಿ ಬಂದಿದ್ದರಿಂದ ಮುಖ ಸ್ವಲ್ಪ ತಿಳಿಯಾಗಿತ್ತು. ಸ್ಟ್ಯಾಂಡಿನ ಮುಂದೆ ನಿಂತು, "ಹಲೋ, ಆಚೆ ಬೀದಿ, ಕೇಳಿಸ್ತಿದ್ಯಾ?" ಎಂದಳು. ಬೆಂಚು ಜೋಡಿಸುತ್ತಿದ್ದವರು ನಕ್ಕರು. ನಾನೂ ನಕ್ಕೆ. ಅವಳು ನನ್ನ ಪಕ್ಕ ಪೆಟ್ಟಿಗೆಯ ಮೇಲೆ ಕೂತು ಹೇಳಿದಳು:

"ಅಕ್ಕ, ಅಪ್ಪನಿಗೂ ಫೋನಲ್ಲಿ ಹೇಳಿದೀನಿ, ಮಾವನಿಗೂ ಹೇಳಿದೀನಿ. ಕ್ಷೇತ್ರ ಈಗ ಇರೋ ಹಾಗೇ ಇರ್ಲಿ ಅಂತ ಯಾರಾದ್ರೂ ಒಬ್ರು ಅಂದ್ರೆ ಸಾಕು. ಇದು ಒಡೆದ್ರೆ ಆ ಕೋಣೆಗೆ ದಿಕ್ಕು ಯಾರು?"

"ಏನಂದ್ರು?"

"ಅಪ್ಪ, 'ನೀನು ಸುಮ್ನಿರಮ್ಮ, ಎರಡಲ್ಲ, ನಾಲ್ಕು ಯಂತ್ರ ತರಿಸ್ತೀನಿ' ಅಂದ್ರು. ಮಾವನೂ ಅದೇ ಅಂದ್ರು." ಅವಳು ತನ್ನ ಕೈಯನ್ನೇ ನೋಡಿಕೊಂಡಳು. "ಇಬ್ರೂ ಒಂದೇ ಥರ ಹೇಳಿದ್ದು ನೋಡಿ ನಂಗೆ ಭಯ ಆಯ್ತು."

ಆಯೋಗದ ಅಧ್ಯಕ್ಷರು ನಿವೃತ್ತ ನ್ಯಾಯಾಧೀಶರು. ಬೆಳಗಿನಿಂದ ಊರವರೆಲ್ಲರ ಜಗಳ ಕೇಳಿ ಸೋತು ಹೋಗಿದ್ದರು. ಮುಂದೆ ಆರಿದ ಚಹಾದ ಮೇಲೆ ಕೆನೆ ಕಟ್ಟಿತ್ತು. ಮೊದಲು ದೊಡ್ಡಪ್ಪ ಎದ್ದರು. ಕಪ್ಪು ಕೋಟು, ಕನ್ನಡಕ, ಕೋರ್ಟಿನಲ್ಲಿ ನಿಂತ ಹಾಗೆ ಒಂದು ಕೈ ಬೆನ್ನ ಹಿಂದೆ.

"ಮಾನ್ಯರೇ, ಈ ಕ್ಷೇತ್ರದಲ್ಲಿ ಪ್ರಕೃತಿಯೇ ಎಳೆದ ಒಂದು ಗಡಿ ಇದೆ. ಅದು ಕಾಲುವೆ. ಮೇಲ್ಬೀದಿಗೂ ಕೆಳಬೀದಿಗೂ ಯಾವ ಸಂಬಂಧವೂ ಇಲ್ಲ. ಕೆಳಬೀದಿಯನ್ನ ಪಕ್ಕದ ದಕ್ಷಿಣ ಕ್ಷೇತ್ರಕ್ಕೆ ಸೇರಿಸಿ, ನಮ್ಮನ್ನ ಹೊಸ ಕಟ್ಟಡಗಳ ಜೊತೆ ಉಳಿಸಿ. ಕಾಲುವೆಯೇ ಗಡಿ."

ಯಾವ ಸಂಬಂಧವೂ ಇಲ್ಲವಂತೆ. ಸಂಬಂಧ ಕೊನೆಯ ಬೆಂಚಿನಲ್ಲಿ ಕೂತು ಕೇಳುತ್ತಿತ್ತು.

ನನ್ನ ಕಣ್ಣು ಮಾವನ ಕಡೆ ಹೋಯಿತು. ದೊಡ್ಡಪ್ಪ ಏನು ಹೇಳಿದರೂ ಅದಕ್ಕೆ ತದ್ವಿರುದ್ಧ ಹೇಳುವುದು ಅವನ ಹುಟ್ಟುಗುಣ. ಇವತ್ತಾದರೂ ಆ ಗುಣ ನಮ್ಮನ್ನು ಉಳಿಸಲಿ ಎಂದು ಮನಸ್ಸಿನಲ್ಲೇ ಬೇಡಿಕೊಂಡೆ. ಮಾವ ಎದ್ದು ಬಂದು ಮೈಕಿನ ಕತ್ತು ಹಿಡಿದುಕೊಂಡ.

"ಸ್ವಾಮಿ, ನಮ್ಮ ಜೀವಮಾನದಲ್ಲಿ ಮೊದಲನೇ ಸಲ ವಕೀಲರು ಸತ್ಯ ಹೇಳಿದಾರೆ. ಕಾಲುವೆಯೇ ಗಡಿ. ಮೇಲಿನವರ ಸಹವಾಸ ನಮಗೆ ಸಾಕಾಗಿದೆ. ಅವರನ್ನ ಉತ್ತರಕ್ಕೆ ಹಾಕಿ. ಹೊಸ ಕಟ್ಟಡಗಳನ್ನ ನಮಗೆ ಕೊಡಿ, ಕ್ಷೇತ್ರದ ಹೆಸರೂ ನಮಗಿರಲಿ."

ಚಪ್ಪಾಳೆ ಬಿತ್ತು. ಎರಡೂ ಬೀದಿಯವರು ಒಟ್ಟಿಗೆ ಚಪ್ಪಾಳೆ ತಟ್ಟಿದ್ದನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ. ಅಧ್ಯಕ್ಷರ ಮುಖ ಅರಳಿತು. "ಇಷ್ಟು ಒಮ್ಮತ ಈ ಊರಲ್ಲಿ ಬೇರೆಲ್ಲೂ ಸಿಗಲಿಲ್ಲ. ಬಹಳ ಸಂತೋಷ," ಎಂದರು. ಮೈನಾ ಎದ್ದು ಕೈಯೆತ್ತಿದಳು. ಬೆಂಚಿನ ಅಂಚು ಹಿಡಿದುಕೊಂಡು ಮುಂದೆ ಬರತೊಡಗಿದಳು. ನಾನು ಮೈಕನ್ನು ಸ್ಟ್ಯಾಂಡಿನಿಂದ ಕಿತ್ತು ಅವಳ ಕಡೆಗೆ ಹಿಡಿದೆ. ಆಯೋಗದ ಗುಮಾಸ್ತ ಅಡ್ಡ ಬಂದ. "ಎರಡು ಕಡೆಯವರದೂ ಆಯ್ತಲ್ಲಮ್ಮ. ಇನ್ನೇನಿದೆ?" ಎಂದ. ಅವಳು ಅಪ್ಪನನ್ನು ನೋಡಿದಳು, ಮಾವನನ್ನು ನೋಡಿದಳು. ಇಬ್ಬರೂ ತಮ್ಮ ತಮ್ಮ ಹಿಂಬಾಲಕರ ಕೈಕುಲುಕುವುದರಲ್ಲಿ ಮುಳುಗಿದ್ದರು.

ಆದೇಶ ಬಂತು. "ಉಭಯ ಕಡೆಯವರ ಸರ್ವಾನುಮತದ ಕೋರಿಕೆಯಂತೆ" ಎಂದೇ ಅದು ಶುರುವಾಗುತ್ತಿತ್ತು. ಕಾಲುವೆಯ ಮೇಲಿನದು ಉತ್ತರ ಕ್ಷೇತ್ರಕ್ಕೆ, ಕೆಳಗಿನದು ದಕ್ಷಿಣ ಕ್ಷೇತ್ರಕ್ಕೆ. ಎರಡು ಚೂರಿನಲ್ಲಿ ಯಾವುದೂ ಒಂದು ಕ್ಷೇತ್ರವಾಗುವಷ್ಟು ದೊಡ್ಡದಿರಲಿಲ್ಲ. ಹೊಸ ಕಟ್ಟಡಗಳು ಮೂರನೆಯವರ ಪಾಲಾದವು. ಕ್ಷೇತ್ರದ ಹೆಸರನ್ನು ಪಟ್ಟಿಯಿಂದ ತೆಗೆದು ಹಾಕಿದರು. ದೊಡ್ಡಪ್ಪ ಆ ಹಾಳೆಯನ್ನು ನನ್ನ ಅಂಗಡಿಯಲ್ಲೇ ಓದಿದರು. ಕಾನೂನು ಓದಿದ ಮನುಷ್ಯ, ಮತ್ತೆ ಮತ್ತೆ ಓದಿದರು. "ಇದರಲ್ಲಿ ಏನೋ ತಪ್ಪಾಗಿದೆ ಕಣಮ್ಮ," ಎಂದರು.

"ತಪ್ಪೇನೂ ಆಗಿಲ್ಲ ದೊಡ್ಡಪ್ಪ. ನೀವಿಬ್ರೂ ಕೇಳಿದ್ದನ್ನ ಕೊಟ್ಟಿದಾರೆ," ಎಂದೆ. ನನಗೆ ಅವರ ಮೇಲೆ ಎಷ್ಟು ಸಿಟ್ಟು ಬಂದಿತ್ತೆಂದರೆ ಕೂರಲು ಸ್ಟೂಲನ್ನೂ ಕೊಡಲಿಲ್ಲ.

ಚುನಾವಣೆ ಬರುವವರೆಗೆ ದೊಡ್ಡಪ್ಪನೇ ಸದಸ್ಯರಾಗಿದ್ದುದರಿಂದ ಕೋಣೆ ನಡೆಯಿತು. ಆಮೇಲೆ ಅವರು ಉತ್ತರದಲ್ಲಿ ನಿಂತರು, ಮಾವ ದಕ್ಷಿಣದಲ್ಲಿ ನಿಂತ. ಅಲ್ಲಿ ಇವರ ಮುಖ ಯಾರಿಗೆ ಗೊತ್ತು? ಇಬ್ಬರೂ ಠೇವಣಿ ಕಳೆದುಕೊಂಡರು. ಜೀವಮಾನವಿಡೀ ಒಬ್ಬರಿಗೊಬ್ಬರು ಸೋತಿದ್ದವರು ಈಗ ಯಾರೋ ಅಪರಿಚಿತರಿಗೆ ಸೋತು ಮನೆ ಸೇರಿದರು. ಟೆಕ್ನೀಷಿಯನ್‌ನ ಗುತ್ತಿಗೆ ಮುಗಿಯಿತು. ನರ್ಸಮ್ಮ ಯಂತ್ರಗಳ ಮೇಲೆ ಹಳೆಯ ಹೊದಿಕೆ ಹೊದಿಸಿ, ಬಾಗಿಲಿಗೆ ಬೀಗ ಹಾಕಿ, ಬೀಗದ ಕೈಯನ್ನು ಎಲ್ಲಿ ಕೊಡಬೇಕೆಂದು ತಿಳಿಯದೆ ತನ್ನ ಸೆರಗಿಗೇ ಗಂಟು ಹಾಕಿಕೊಂಡಳು.

ನಾನೂ ವೈರೂ ಉತ್ತರದ ಹೊಸ ಸದಸ್ಯರ ಕಚೇರಿಗೆ ಹೋದೆವು. ಗಾಜಿನ ಮೇಜು, ತಣ್ಣನೆಯ ಕೋಣೆ. ಅವರ ಆಪ್ತ ಸಹಾಯಕ ಒಳ್ಳೆಯ ಮಾತಿನವನೇ.

"ರೋಗಿ ಎಲ್ಲಿಯವರು?"

"ಕೆಳಬೀದಿ."

"ಅಯ್ಯೋ, ಅದು ದಕ್ಷಿಣ ಅಲ್ವಾ? ನೀವು ಅಲ್ಲಿ ಕೇಳಬೇಕು. ಬೇರೆ ಕ್ಷೇತ್ರದವರಿಗೆ ಅಂತ ನಾವು ಖರ್ಚು ಮಾಡಿದ್ರೆ ನಮ್ಮ ಜನ ಸುಮ್ನೆ ಬಿಡ್ತಾರಾ?"

ದಕ್ಷಿಣಕ್ಕೆ ಹೋದೆವು. ಅಲ್ಲಿ ಕಚೇರಿಯೆಂದರೆ ಒಂದು ಗೋದಾಮಿನ ಮೇಲಿನ ಮಹಡಿ. ಸದಸ್ಯರೇ ಸಿಕ್ಕರು.

"ಆಸ್ಪತ್ರೆ ಎಲ್ಲಿದೆ?"

"ಮೇಲ್ಬೀದೀಲಿ."

"ಹಾಗಾದ್ರೆ ಉತ್ತರದವರ ಆಸ್ತಿ ಅದು. ನನ್ನ ನಿಧಿ ಕಾಲುವೆ ದಾಟಲ್ಲಮ್ಮ. ದಾಟಬಾರದು ಅಂತ ನೀವೇ ಅಲ್ವಾ ಕೇಳಿದ್ದು?"

ವೈರು ಮೆಟ್ಟಿಲಿಳಿಯುವಾಗ ಗೋಡೆಗೆ ತಲೆ ಚಚ್ಚಿಕೊಂಡ. ನಾನು ಅವನ ಅಂಗಿ ಹಿಡಿದು ಎಳೆದುಕೊಂಡು ಬಂದೆ. ಮೈನಾ ಮತ್ತೆ ದೊಡ್ಡಾಸ್ಪತ್ರೆಯ ಬೆಂಚಿಗೆ ಬಿದ್ದಳು. ವಾರಕ್ಕೆರಡು ಸಲ ಆಗಬೇಕಾದದ್ದು ಒಂದು ಸಲ ಆದರೆ ಪುಣ್ಯ. ಮುಖ ಊದಿತು, ಉಸಿರು ಕಟ್ಟುತ್ತಿತ್ತು, ದಿಂಬಿಗೆ ಒರಗಿಕೊಂಡೇ ನಿದ್ದೆ. ಬಾಯಾರಿದರೆ ಒದ್ದೆ ಬಟ್ಟೆ ತುಟಿಗೆ ಒತ್ತಿಕೊಳ್ಳುತ್ತಿದ್ದಳು. ಅಷ್ಟು ಮಾತಾಡುತ್ತಿದ್ದವಳು ಒಂದು ವಾಕ್ಯ ಮುಗಿಸಲು ನಡುವೆ ನಿಲ್ಲುತ್ತಿದ್ದಳು. ನನಗೆ ಅದನ್ನು ಕೇಳಲು ಆಗುತ್ತಿರಲಿಲ್ಲ.

ಕೊನೆಗೆ ದಾರಿ ತೋರಿಸಿದವರು ಆರೋಗ್ಯ ಇಲಾಖೆಯ ಹಿರಿಯ ಅಧಿಕಾರಿಣಿ. ನಾನು ಅವರ ಬಾಗಿಲು ಸವೆಸಿದ್ದೆ. "ಇಲಾಖೆ ಖರ್ಚಲ್ಲೇ ಆ ಕೋಣೆ ನಡೆಸಬಹುದು," ಎಂದರು. "ಆದ್ರೆ ನಿಮ್ಮ ಆ ಇಬ್ರು ಮಾಜಿ ಸದಸ್ಯರು ಇದಾರಲ್ಲ, ಇಬ್ರೂ ಬೇರೆ ಬೇರೆ ಬಂದು, ಯಂತ್ರ ನನ್ನದು, ಅವನ ಮಾತು ಕೇಳಿ ಮುಟ್ಟಬೇಡಿ ಅಂತ ತಕರಾರು ಹಾಕಿ ಹೋಗಿದಾರೆ. ಇಬ್ರನ್ನೂ ಒಟ್ಟಿಗೆ ನನ್ನ ಮುಂದೆ ತಂದು ನಿಲ್ಲಿಸಿ. ಇಬ್ರೂ ಹೂಂ ಅಂದ್ರೆ ಅವತ್ತೇ ಬೀಗ ತೆಗಿಸ್ತೀನಿ."

ಎಷ್ಟು ಸಣ್ಣ ಕೆಲಸ! ಇಬ್ಬರು ಮುದುಕರನ್ನು ಒಂದು ಮೇಜಿನ ಮುಂದೆ ನಿಲ್ಲಿಸುವುದು. ನಾನು ಓಡಿಕೊಂಡೇ ಬಂದೆ. ದೊಡ್ಡಪ್ಪ, "ಬರ್ತೀನಿ. ಆದ್ರೆ ನನ್ನ ಹೆಸರಿನ ಕಲ್ಲು ಅಲ್ಲೇ ಇರುತ್ತೆ ಅಂತ ಅವನು ಮೊದಲು ಒಪ್ಪಲಿ," ಎಂದರು. ಮಾವ, "ಲೇ ಮೈಕು, ಯಂತ್ರ ತಂದವನು ನಾನು. ಅವನೇ ನಮ್ಮನೆ ಬಾಗಿಲಿಗೆ ಬಂದು ಕರೀಲಿ, ಆಗ ಬರ್ತೀನಿ," ಎಂದ. ಅಲ್ಲಿಂದ ಇಲ್ಲಿಗೆ, ಇಲ್ಲಿಂದ ಅಲ್ಲಿಗೆ ನನ್ನ ಚಪ್ಪಲಿ ಹರಿಯಿತು. ಆ ಮನೆಯಲ್ಲಿ ದೊಡ್ಡಪ್ಪ ಮಗಳ ಫೋಟೋ ಒರೆಸುತ್ತಿದ್ದರು, ಈ ಮನೆಯಲ್ಲಿ ಮಾವ ಸೊಸೆಯ ಕಾಲು ಒತ್ತುತ್ತಿದ್ದ. ಪ್ರೀತಿ ಇರಲಿಲ್ಲ ಎಂದು ನಾನು ಹೇಳುವುದಿಲ್ಲ. ಅದು ಇತ್ತು, ಅದಕ್ಕಿಂತ ಒಂದು ಗೇಣು ಎತ್ತರದಲ್ಲಿ ಇವರ ಜಂಭವೂ ಇತ್ತು.

ಒಂದು ಭಾನುವಾರ ಬೆಳಗ್ಗೆ ನಾನು ಅಂಗಡಿಯ ಬಾಗಿಲು ತೆಗೆಯುತ್ತಿದ್ದಾಗ ಸೇತುವೆಯ ನಡುವೆ ಯಾರೋ ಕೂತಂತೆ ಕಂಡಿತು. ಮೈನಾ. ಮಾವನ ಪೈಪಿಗೆ ಒರಗಿಕೊಂಡು, ತನ್ನ ಅಪ್ಪನ ಹೂಬಳ್ಳಿಯ ಕಂಬಿಗೆ ಕಾಲು ಚಾಚಿಕೊಂಡು ಕೂತಿದ್ದಳು. ಸೇತುವೆ ಅಷ್ಟು ಕಿರಿದು. ವೈರು ಪಕ್ಕದಲ್ಲಿ ನಿಂತು ಅಳುತ್ತಿದ್ದ.

"ಅಕ್ಕ, ಅವರಿಬ್ರನ್ನೂ ಕರಿ. ಬರೋವರೆಗೂ ನಾನು ಏಳಲ್ಲ," ಎಂದಳು.

ಹಾರ್ನನ್ನು ತಿರುಗಿಸಿ ನಾನು ಇಬ್ಬರನ್ನೂ ಮೈಕಿನಲ್ಲೇ ಕೂಗಿದೆ. ಎರಡೂ ಬೀದಿಯ ಬಾಗಿಲು ಕಿಟಕಿಗಳೆಲ್ಲ ತೆರೆದವು. ಮೇಲಿನಿಂದ ದೊಡ್ಡಪ್ಪ ಕೋಲೂರಿಕೊಂಡು ಬಂದರು. ಕೆಳಗಿನಿಂದ ಮಾವ ಬನಿಯನ್‌ನಲ್ಲೇ ಓಡಿ ಬಂದ. ಮದುವೆಯಾದ ಮೇಲೆ ದೊಡ್ಡಪ್ಪ ಮಗಳನ್ನು ಅಷ್ಟು ಹತ್ತಿರದಿಂದ ನೋಡಿದ್ದು ಅದೇ ಮೊದಲು. ಊದಿದ ಮುಖ ಕಂಡು ಅವರ ಬಾಯಿ ತೆರೆದೇ ಉಳಿಯಿತು. ಆದರೂ ಆ ಕ್ಷಣದಲ್ಲೂ ಇಬ್ಬರೂ ನನ್ನ ಕಡೆಗೇ ತಿರುಗಿ ಮಾತಾಡಿದರು.

"ಅವರಿಗೆ ಹೇಳು, ನಾಳೆ ನಾನು ಅಧಿಕಾರಿಣಿ ಹತ್ರ ಬರ್ತೀನಿ ಅಂತ," ಎಂದರು ದೊಡ್ಡಪ್ಪ.

"ನಾನೂ ಬರ್ತೀನಿ ಅಂತ ಅವರಿಗೆ ಹೇಳು," ಎಂದ ಮಾವ.

"ಕಲ್ಲು?" ಎಂದು ನಾನು ಕೇಳಿದೆ.

"ಹಾಳಾಗ್ಲಿ ಕಲ್ಲು," ಎಂದ ಮಾವ. ದೊಡ್ಡಪ್ಪ ತಲೆಯಾಡಿಸಿದರು. ಮೈನಾ ನನ್ನ ಕೈ ಹಿಡಿದು ಎದ್ದಳು. "ನೋಡ್ದಾ ಅಕ್ಕ, ಮೈಕಿಲ್ಲದೇನೂ ಮಾತಾಡಕ್ಕೆ ಬರುತ್ತೆ ಇವರಿಗೆ," ಎಂದು ನಕ್ಕಳು. ಅವಳ ಎಡಗೈ ನನ್ನ ಕೈಯಲ್ಲಿತ್ತು. ಸದ್ದು ಇತ್ತು.

ಸೋಮವಾರ ಬೆಳಗ್ಗೆ ಇಬ್ಬರೂ ಇಸ್ತ್ರಿ ಮಾಡಿದ ಬಟ್ಟೆ ಹಾಕಿಕೊಂಡು ನನ್ನ ಅಂಗಡಿಯ ಮುಂದೆ ಬಂದು ನಿಂತರು, ನಡುವೆ ಒಬ್ಬ ಮನುಷ್ಯ ಹಾಯುವಷ್ಟು ಜಾಗ ಬಿಟ್ಟು. ನಾನು ಆಟೋ ಕರೆಯುತ್ತಿದ್ದೆ. ಆಗ ವೈರುವಿನ ಫೋನು ಬಂತು. ಸರದಿ ಹಿಡಿಯಲೆಂದು ಹಿಂದಿನ ರಾತ್ರಿಯೇ ಅವಳನ್ನು ದೊಡ್ಡಾಸ್ಪತ್ರೆಗೆ ಕರೆದುಕೊಂಡು ಹೋಗಿದ್ದ. ಬೆಳಗಿನ ಜಾವ ಉಸಿರು ಸಿಕ್ಕಿಕೊಂಡಿತಂತೆ, ಯಂತ್ರ ಖಾಲಿ ಇರಲಿಲ್ಲವಂತೆ. ಅಷ್ಟು ಹೇಳಿ ಫೋನು ಇಟ್ಟ. ಕರೆದ ಆಟೋದಲ್ಲೇ ಮೂವರೂ ಹತ್ತಿದೆವು. ನಾನು ನಡುವೆ. ದಾರಿಯುದ್ದಕ್ಕೂ ಎರಡು ಪಕ್ಕದಲ್ಲಿ ಎರಡು ಮುದಿ ಭುಜಗಳು ನನಗೆ ತಾಗುತ್ತಿದ್ದವು.

ಮೈನಾಳನ್ನು ವಾರ್ಡಿನ ಹೊರಗಿನ ಪಡಸಾಲೆಯಲ್ಲಿ ಚಕ್ರದ ಮಂಚದ ಮೇಲೆ ಮಲಗಿಸಿದ್ದರು. ನಾನು ಹೋಗಿ ಅವಳ ಎಡಗೈ ಮುಟ್ಟಿದೆ. ಬೆರಳನ್ನು ಒತ್ತಿ ಇಟ್ಟುಕೊಂಡೆ, ಜಾಗ ಬದಲಿಸಿ ಮತ್ತೆ ಒತ್ತಿದೆ. ಏನೂ ಇರಲಿಲ್ಲ. ದೊಡ್ಡಪ್ಪ ಮಂಚದ ಒಂದು ಪಕ್ಕ ಕುಸಿದರು. ಮಾವ ಇನ್ನೊಂದು ಪಕ್ಕ ನಿಂತು ಎದೆ ಎದೆ ಬಡಿದುಕೊಂಡ. ನಾನು ಇಬ್ಬರಿಗೂ ಸಮಾಧಾನ ಹೇಳಲಿಲ್ಲ. ನನ್ನಲ್ಲಿ ಅದು ಇರಲಿಲ್ಲ.

ಶವ ಸಾಗಿಸಲು ಆಸ್ಪತ್ರೆಯ ಹಿಂಬಾಗಿಲಲ್ಲಿ ಉಚಿತ ವ್ಯಾನುಗಳು ನಿಂತಿದ್ದವು. ಒಂದೊಂದನ್ನೂ ಒಂದೊಂದು ಕ್ಷೇತ್ರದ ಸದಸ್ಯರು ಕೊಡಿಸಿದ್ದು, ಒಂದೊಂದರ ಮೇಲೂ ಅವರ ನಗುಮುಖ. ಬಾಗಿಲಲ್ಲಿ ಸ್ಟೂಲು ಹಾಕಿ ಕೂತಿದ್ದ ನೌಕರ ತಲೆಯೆತ್ತದೆ ಕೇಳಿದ: "ಯಾವ ಕ್ಷೇತ್ರ?"

ದೊಡ್ಡಪ್ಪನೂ ಮಾವನೂ ಒಟ್ಟಿಗೆ ಒಂದೇ ಹೆಸರು ಹೇಳಿದರು. ನಮ್ಮ ಹಳೆಯ ಕ್ಷೇತ್ರದ ಹೆಸರು.

ನೌಕರ ಆಗ ತಲೆಯೆತ್ತಿದ. "ಅಂಥ ಕ್ಷೇತ್ರ ಯಾವುದೂ ಇಲ್ಲವಲ್ಲ ಸ್ವಾಮಿ. ಉತ್ತರಾನಾ, ದಕ್ಷಿಣಾನಾ? ಒಂದರ ಗಾಡಿ ಇನ್ನೊಂದಕ್ಕೆ ಹೋಗಲ್ಲ."

ದೊಡ್ಡಪ್ಪ, "ದಕ್ಷಿಣ," ಎಂದರು. "ಅವಳ ಮನೆ ಕೆಳಬೀದೀಲಿದೆ. ಅವಳು ಅವರ ಮನೆಯವಳು." ಅದೇ ಹೊತ್ತಿಗೆ ಮಾವ, "ಉತ್ತರ ಅಂತ ಬರ್ಕೊಳಪ್ಪ. ಮೊದಲು ಅಪ್ಪನ ಮನೆಗೆ ಹೋಗ್ಲಿ ಮಗು," ಎಂದ. ಇಬ್ಬರೂ ಬೆಚ್ಚಿ ಒಬ್ಬರನ್ನೊಬ್ಬರು ನೋಡಿದರು. ನನಗೆ ಮೈಯೆಲ್ಲ ಉರಿದು ಹೋಯಿತು. ಇದನ್ನೇ, ಇದೇ ಎರಡು ಮಾತನ್ನು, ಅವತ್ತು ಆ ಶಾಲೆಯ ಹಾಲ್‌ನಲ್ಲಿ ಹೇಳಿದ್ದರೆ ಇವರ ಗಂಟೇನು ಹೋಗುತ್ತಿತ್ತು? ಮೈಕು ಹಿಡಿದುಕೊಂಡು ನಾನು ಅಲ್ಲೇ ನಿಂತಿದ್ದೆನಲ್ಲ.

"ಯಾವುದಾದ್ರೂ ಒಂದು ಹೇಳಿ," ಎಂದ ನೌಕರ. "ಹಿಂದೆ ಜನ ಕಾಯ್ತಿದಾರೆ."

ಇಬ್ಬರೂ ನನ್ನ ಮುಖ ನೋಡಿದರು. ಯಾವ ಗಾಡಿಯಾದರೂ ಸೇತುವೆಯ ಬುಡದವರೆಗೆ ಮಾತ್ರ. ಎರಡೂ ಮನೆ ಕಾಣಿಸಬೇಕೆಂದರೆ ಅಲ್ಲಿಂದ ಮುಂದೆ ಕಾಲುಸೇತುವೆಯ ಮೇಲೆ ಹೊತ್ತೇ ಸಾಗಿಸಬೇಕು. ವೈರು ಮಂಚದ ಹಿಡಿ ಬಿಡದೆ ನಿಂತಿದ್ದ. ನಾನು ಹತ್ತಿರ ನಿಂತಿದ್ದ ವ್ಯಾನಿನ ಕಡೆಗೆ ಕೈ ತೋರಿಸಿದೆ. ಅದು ಯಾವ ಕ್ಷೇತ್ರದ್ದೆಂದು ನೋಡಲಿಲ್ಲ.